ಪಾಸಲ್‌ತ್ವೇಟ್‌ಗೆ ಐವತ್ತಕ್ಕೆ ಅದೃಷ್ಟ ಖುಲಾಯಿಸಿತೇ?

ಪ್ರಶ್ನೆ: ನಾವು ಶಿವಮೊಗ್ಗದ ಕಡೆಯವರು. ಇಂಗ್ಲೆಂಡಿನ ರೆಡಿಂಗ್‌ನಲ್ಲಿ ನೆಲೆಸಿ ಬಹಳ ವರ್ಷವಾಯಿತು, ಮಗಳು ಇಲ್ಲೇ ಹುಟ್ಟಿ ಬೆಳೆದವಳು. ಎ-ಲೆವೆಲ್ ಅಂದರೆ ನಮ್ಮ ಪಿಯುಸಿ ಥರದ ಓದಿನ ಕೊನೆಯ ವರ್ಷದಲ್ಲಿದ್ದಾಳೆ, ಫಾರ್ಮಸಿ ಓದಲು ಯೂನಿವರ್ಸಿಟಿಯಿಂದ ಆಫರ್ ಬಂದಿದೆ. ಈಗ ಅದು ಬೇಡ, ಡ್ರಾಮಾ ಸ್ಕೂಲ್ ಸೇರುತ್ತೇನೆ ಅನ್ನುತ್ತಿದ್ದಾಳೆ. ಶಾಲೆಯಲ್ಲಿ ‘ಬ್ರಾಸ್ಡ್ ಆಫ್’ ಅನ್ನುವ ಸಿನಿಮಾ ತೋರಿಸಿದರಂತೆ, ಆವತ್ತಿನಿಂದ ಪೀಟ್ ಪಾಸಲ್‌ತ್ವೇಟ್ ಎಂಬ ನಟನ ಜಪ. “ಅವರೇನು ಚೆಲುವರಾ? ಮೊದಲು ಮೇಷ್ಟ್ರಾಗಿದ್ದರು. ಆಮೇಲೆ ಆಸ್ಕರ್‌ವರೆಗೂ ಹೋಗಲಿಲ್ಲವಾ? ನನಗೆ ಹೀರೋಯಿನ್ ಆಗಬೇಕಿಲ್ಲಮ್ಮ, ಅಂಥ ಪಾತ್ರ ಮಾಡಬೇಕು” ಅನ್ನುತ್ತಾಳೆ. ನಮ್ಮ ಯಜಮಾನರು, “ಅವನು ಲಕ್ಷಕ್ಕೊಬ್ಬ. ಅವನನ್ನೂ ಐವತ್ತಾಗುವವರೆಗೆ ಯಾರೂ ಮೂಸಿ ನೋಡಲಿಲ್ಲ. ಮೊದಲು ಫಾರ್ಮಸಿ ಮುಗಿಸಲಿ, ಆಮೇಲೆ ಏನು ಬೇಕಾದರೂ ಮಾಡಿಕೊಳ್ಳಲಿ” ಅನ್ನುತ್ತಾರೆ. ಊಟಕ್ಕೆ ಕೂತಾಗಲೆಲ್ಲ ಇದೇ ಜಗಳ. ಇಂಥ ನಟರ ಬದುಕು ನಿಜವಾಗಿ ಹೇಗಿರುತ್ತದೆ? ಬಣ್ಣ, ಮುಖ, ಹೆಸರು ಇವೆಲ್ಲ ಅಡ್ಡ ಬರುವುದಿಲ್ಲವೇ? ಮೊದಲು ಫಾರ್ಮಸಿ ಅನ್ನುವುದು ಸರಿಯೇ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮಗಳು ಹಸಿದಿರಬಾರದು ಅನ್ನುವ ಹೆದರಿಕೆ ಒಂದು ಕಡೆ. ಬೇಡ ಅಂದರೆ ಜೀವನಪೂರ್ತಿ ನಮ್ಮನ್ನು ದೂರುತ್ತಾಳೆ ಅನ್ನುವ ಹೆದರಿಕೆ ಇನ್ನೊಂದು ಕಡೆ. ಎರಡೂ ನ್ಯಾಯವಾದವೇ. ಇಲ್ಲಿ ಇಂಗ್ಲೆಂಡಿನ ರಂಗಭೂಮಿಯಲ್ಲಿ ಎಳೆಯ ನಟರಿಗೆ ಪಾಠ ಹೇಳುವ ಕೆಲಸ ನನ್ನದು, ಪಾತ್ರಗಳ ಆಯ್ಕೆ ನಡೆಯುವ ಕೋಣೆಗಳಲ್ಲೂ ಕೂತಿದ್ದೇನೆ. ಆ ಅನುಭವದಿಂದ ಹೇಳುವುದಾದರೆ, ನಿಮ್ಮ ಮನೆಯಲ್ಲಿ ಪಾಸಲ್‌ತ್ವೇಟ್ ಹೆಸರು ಹಿಡಿದು ವಾದ ಮಾಡುತ್ತಿರುವ ಇಬ್ಬರೂ ಅವರ ಬದುಕನ್ನು ಅರ್ಧ ಮಾತ್ರ ನೋಡಿದ್ದಾರೆ. ಉಳಿದರ್ಧ ಗೊತ್ತಾದರೆ ನಿಮ್ಮ ಪ್ರಶ್ನೆಯ ರೂಪವೇ ಬದಲಾಗುತ್ತದೆ. ಆದ್ದರಿಂದ ಮೊದಲು ಅವರ ಕತೆ, ಆಮೇಲೆ ಮಗಳ ವಿಚಾರ.

ಪಾಸಲ್‌ತ್ವೇಟ್ ಹುಟ್ಟಿದ್ದು 1946ರಲ್ಲಿ, ವಾಯವ್ಯ ಇಂಗ್ಲೆಂಡಿನ ವಾರಿಂಗ್ಟನ್ ಎಂಬ ಕಾರ್ಖಾನೆಗಳ ಊರಿನಲ್ಲಿ. ದುಡಿದು ತಿನ್ನುವ ಕ್ಯಾಥೊಲಿಕ್ ಕುಟುಂಬ. ಪಾದ್ರಿಯಾಗಬೇಕು ಅಂತ ಹುಡುಗನಿಗೆ ಒಮ್ಮೆ ಮನಸ್ಸಿತ್ತು, ಅದು ಕೈಗೂಡಲಿಲ್ಲ. ಲಂಡನ್ ಹತ್ತಿರದ ಸ್ಟ್ರಾಬೆರಿ ಹಿಲ್‌ನ ಸೇಂಟ್ ಮೇರೀಸ್ ಕಾಲೇಜಿನಲ್ಲಿ ಶಿಕ್ಷಕ ತರಬೇತಿ ಮುಗಿಸಿ, ಕೆಲಕಾಲ ಪಾಠ ಮಾಡಿ, ಇಪ್ಪತ್ತೈದರ ಆಸುಪಾಸಿನಲ್ಲಿ ಬ್ರಿಸ್ಟಲ್ ಓಲ್ಡ್ ವಿಕ್ ಥಿಯೇಟರ್ ಸ್ಕೂಲ್ ಸೇರಿದರು. ಅಂದರೆ ನಿಮ್ಮ ಯಜಮಾನರು ಹೇಳುವ ‘ಮೊದಲು ಒಂದು ಉದ್ಯೋಗದ ಓದು, ಆಮೇಲೆ ನಟನೆ’ ಅನ್ನುವ ದಾರಿಯನ್ನೇ ಅವರು ಹಿಡಿದದ್ದು. ಇದನ್ನು ಮಗಳಿಗೆ ಹೇಳಿ. ಆದರೆ ಆಗ ಮತ್ತು ಈಗಿನ ನಡುವೆ ದುಡ್ಡಿನ ಲೆಕ್ಕದಲ್ಲಿ ಭಾರೀ ಅಂತರವಿದೆ. ಅದಕ್ಕೆ ಬರುತ್ತೇನೆ, ಯಜಮಾನರು ಆ ಭಾಗವನ್ನು ತಪ್ಪದೆ ಓದಲಿ.

ಈಗ ‘ಐವತ್ತಾಗುವವರೆಗೆ ಯಾರೂ ಕೇಳಲಿಲ್ಲ’ ಅನ್ನುವ ಮಾತು. ‘ಇನ್ ದ ನೇಮ್ ಆಫ್ ದ ಫಾದರ್’ ಚಿತ್ರಕ್ಕೆ ಅವರಿಗೆ ಪೋಷಕ ನಟನ ಆಸ್ಕರ್ ನಾಮನಿರ್ದೇಶನ ಸಿಕ್ಕಿದ್ದು 1994ರಲ್ಲಿ, ನಲವತ್ತೆಂಟನೆಯ ವಯಸ್ಸಿನಲ್ಲಿ. ಅಮೆರಿಕದ ಪತ್ರಿಕೆಗಳು ಹೊಸಬನೊಬ್ಬ ಸಿಕ್ಕಿದ ಎಂಬಂತೆ ಬರೆದವು. ಇಂಗ್ಲೆಂಡಿನ ನಾಟಕ ನೋಡುವವರಿಗೆ ಅವರು ಅಷ್ಟರಲ್ಲಿ ಇಪ್ಪತ್ತು ವರ್ಷದ ಪರಿಚಯ.

ಆ ಇಪ್ಪತ್ತು ವರ್ಷದ ತಾಯಿಬೇರು ಇರುವುದು ಲಿವರ್‌ಪೂಲ್‌ನ ಹೋಪ್ ಸ್ಟ್ರೀಟ್‌ನಲ್ಲಿ. ಅಲ್ಲಿ 1964ರಲ್ಲಿ ಎವರಿಮನ್ ಎಂಬ ರಂಗಮಂದಿರ ಶುರುವಾಯಿತು. 1970ರ ದಶಕದ ಮೊದಲರ್ಧದಲ್ಲಿ ಅದರ ಚುಕ್ಕಾಣಿ ಹಿಡಿದಿದ್ದವರು ಅಲನ್ ಡಾಸರ್ ಎಂಬ ನಿರ್ದೇಶಕ. ಅವರು ಕಟ್ಟಿದ ತಂಡದಲ್ಲಿ ಆಗ ಯಾರಿದ್ದರು ನೋಡಿ: ಜೂಲಿ ವಾಲ್ಟರ್ಸ್, ಬಿಲ್ ನೈ, ಜೊನಾಥನ್ ಪ್ರೈಸ್, ಆಂಟನಿ ಶೇರ್, ಬರ್ನಾರ್ಡ್ ಹಿಲ್, ಪೀಟ್ ಪಾಸಲ್‌ತ್ವೇಟ್. ಇವರಲ್ಲಿ ಯಾರನ್ನೂ ಆಗ ಹೊರಗಿನ ಜಗತ್ತು ಕೇಳಿರಲಿಲ್ಲ. ಸಂಜೆ ಒಂದು ನಾಟಕ, ಹಗಲಿಗೆ ಮುಂದಿನ ನಾಟಕದ ತಾಲೀಮು. ನಡುವೆ ವ್ಯಾನ್ ಹತ್ತಿ ಊರಿನ ಪಬ್‌ಗಳಲ್ಲಿ ಪ್ರದರ್ಶನ. ಬಿಯರ್ ಕುಡಿಯಲು ಬಂದವರು ತಿರುಗಿ ನೋಡಬೇಕು, ನೋಡಿದವರು ಗ್ಲಾಸು ಕೆಳಗಿಡಬೇಕು, ಹಾಗೆ ಆಡಬೇಕು. ಇಂಥ ಕಡೆ ಸಂಭಾಷಣೆಯ ಒಂದು ಸಾಲು ಸುಳ್ಳಾಗಿ ಬಂದರೂ ಎದುರಿನವರ ಮುಖದಲ್ಲೇ ಅದು ಗೊತ್ತಾಗುತ್ತದೆ. ಲಿವರ್‌ಪೂಲ್‌ನವರೇ ಆದ ವಿಲ್ಲಿ ರಸೆಲ್, ಅಲನ್ ಬ್ಲೀಸ್ಡೇಲ್ ಅಂಥ ನಾಟಕಕಾರರು ಈ ರಂಗಮಂದಿರದ ಒಡನಾಟದಲ್ಲೇ ಬೆಳೆದರು. ಮುಂದೆ 1981ರಲ್ಲಿ ಬಿಬಿಸಿಗೆ ಬ್ಲೀಸ್ಡೇಲ್ ಬರೆದ ‘ದ ಮಸಲ್ ಮಾರ್ಕೆಟ್’ ಟಿವಿ ನಾಟಕದಲ್ಲಿ ಮುಖ್ಯ ಪಾತ್ರ ಪಾಸಲ್‌ತ್ವೇಟ್ ಅವರದೇ. ಆಮೇಲೆ ರಾಯಲ್ ಶೇಕ್ಸ್‌ಪಿಯರ್ ಕಂಪನಿ, ಅಲ್ಲಿ 1986ರ ‘ಮಿಡ್‌ಸಮರ್ ನೈಟ್ಸ್ ಡ್ರೀಮ್’ನಲ್ಲಿ ಬಾಟಮ್ ಎಂಬ ನೇಕಾರನ ಪಾತ್ರ. ನಡುನಡುವೆ ಸಿನಿಮಾಗಳಲ್ಲಿ ಬಂದು ಹೋಗುವ ಸಣ್ಣಪುಟ್ಟ ಪಾತ್ರ.

ಸಿನಿಮಾದಲ್ಲಿ ಅವರ ನಿಜವಾದ ಶಕ್ತಿ ಮೊದಲು ಕಂಡದ್ದು ಆಸ್ಕರ್ ಚಿತ್ರದಲ್ಲಲ್ಲ, ಅದಕ್ಕೂ ಐದು ವರ್ಷ ಮೊದಲು. 1988ರ ‘ಡಿಸ್ಟೆಂಟ್ ವಾಯ್ಸಸ್, ಸ್ಟಿಲ್ ಲೈವ್ಸ್’ನಲ್ಲಿ. ಟೆರೆನ್ಸ್ ಡೇವಿಸ್ ತಮ್ಮ ಲಿವರ್‌ಪೂಲ್ ಬಾಲ್ಯದ ಮೇಲೆ ಕಟ್ಟಿದ ಚಿತ್ರ ಅದು. ಪಾಸಲ್‌ತ್ವೇಟ್ ಅದರಲ್ಲಿ ಹೆಂಡತಿ ಮಕ್ಕಳನ್ನು ಹೊಡೆಯುವ ಅಪ್ಪ. ಕ್ರಿಸ್ಮಸ್ ಹಿಂದಿನ ರಾತ್ರಿ ಈ ಅಪ್ಪ ಮಕ್ಕಳು ಮಲಗಿರುವ ಕೋಣೆಗೆ ಸದ್ದಾಗದಂತೆ ಬಂದು, ಮಂಚಕ್ಕೆ ಉಡುಗೊರೆಯ ಚೀಲ ಕಟ್ಟಿ, ದೇವರು ಒಳ್ಳೆಯದು ಮಾಡಲಿ ಎಂದು ಮೆಲುದನಿಯಲ್ಲಿ ಹೇಳಿ ಹೋಗುತ್ತಾನೆ. ಮಾರನೆಯ ದಿನ ಹಬ್ಬದೂಟಕ್ಕೆ ಎಲ್ಲರೂ ಕೂತಿದ್ದಾಗ, ಮೇಜಿನ ಬಟ್ಟೆಯ ಸಮೇತ ಊಟವನ್ನೆಲ್ಲ ಎಳೆದು ನೆಲಕ್ಕೆ ಚೆಲ್ಲಿ, ಇದನ್ನು ಗುಡಿಸು ಎಂದು ಹೆಂಡತಿಗೆ ಅರಚುತ್ತಾನೆ. ಎರಡು ದೃಶ್ಯದ ನಡುವೆ ವಿವರಣೆ ಇಲ್ಲ, ಸಮರ್ಥನೆ ಇಲ್ಲ. ಸಾಮಾನ್ಯ ನಟನಾದರೆ ಮೊದಲ ದೃಶ್ಯದಲ್ಲೇ ಮುಂದಿನ ಸಿಟ್ಟಿನ ಸುಳಿವು ಕೊಟ್ಟುಬಿಡುತ್ತಾನೆ, ಅಥವಾ ಎರಡನೆಯದರಲ್ಲಿ ಕಣ್ಣಂಚಿನಲ್ಲಿ ಪಶ್ಚಾತ್ತಾಪ ತೋರಿಸಿ ನಮ್ಮ ಕರುಣೆ ಬೇಡುತ್ತಾನೆ. ಪಾಸಲ್‌ತ್ವೇಟ್ ಎರಡನ್ನೂ ಮಾಡುವುದಿಲ್ಲ. ರಾತ್ರಿಯ ಪ್ರೀತಿ ಪೂರ್ತಿ ನಿಜ, ಹಗಲಿನ ಕ್ರೌರ್ಯವೂ ಪೂರ್ತಿ ನಿಜ. ಅದಕ್ಕೇ ಆ ಅಪ್ಪ ಅಷ್ಟು ಭಯ ಹುಟ್ಟಿಸುತ್ತಾನೆ. ನನ್ನ ವಿದ್ಯಾರ್ಥಿಗಳಿಗೆ ಈ ಎರಡು ದೃಶ್ಯಗಳನ್ನು ಒಟ್ಟಿಗೆ ತೋರಿಸಿದ ಮೇಲೆ ಹೆಚ್ಚು ಮಾತು ಬೇಕಾಗುವುದಿಲ್ಲ.

ಆಸ್ಕರ್‌ಗೆ ಹೋದ ಪಾತ್ರ ಇದಕ್ಕೆ ತಿರುವುಮುರುವು. 1974ರ ಗಿಲ್ಡ್‌ಫರ್ಡ್ ಬಾಂಬ್ ಸ್ಫೋಟದ ಪ್ರಕರಣದಲ್ಲಿ ನಿರಪರಾಧಿ ಮಗ ಸಿಕ್ಕಿಬಿದ್ದನೆಂದು ಅವನಿಗೆ ವಕೀಲರನ್ನು ಹುಡುಕಲು ಬೆಲ್‌ಫಾಸ್ಟ್‌ನಿಂದ ಲಂಡನ್ನಿಗೆ ಬಂದು, ತಾನೂ ಬಂಧನಕ್ಕೊಳಗಾಗಿ, 1980ರಲ್ಲಿ ಕೈದಿಯಾಗಿಯೇ ತೀರಿಕೊಂಡ ಜುಸೆಪ್ಪೆ ಕಾನ್ಲನ್ ಎಂಬ ನಿಜವಾದ ವ್ಯಕ್ತಿಯ ಪಾತ್ರ. ಜೈಲಿನಲ್ಲಿ ಮಗ ತನ್ನ ಬಾಲ್ಯದ ಫುಟ್‌ಬಾಲ್ ಪದಕದ ವಿಷಯ ಎತ್ತಿ, ಕೂಡಿಟ್ಟ ಸಿಟ್ಟನ್ನೆಲ್ಲ ಅಪ್ಪನ ಮೇಲೆ ಕಾರುತ್ತಾನೆ. ಮಗನಾಗಿ ಡೇನಿಯಲ್ ಡೇ-ಲೂಯಿಸ್, ಎಂಥ ಬಿರುಗಾಳಿ ನಟ ಎಂದು ನಿಮಗೆ ಗೊತ್ತು. ಅಂಥವರ ಎದುರು ಪಾಸಲ್‌ತ್ವೇಟ್ ಮಾಡುವುದು ಕೇಳಿಸಿಕೊಳ್ಳುವ ಕೆಲಸ ಮಾತ್ರ. ದನಿ ಏರಿಸುವುದಿಲ್ಲ, ಕಣ್ಣು ತಪ್ಪಿಸುವುದಿಲ್ಲ. ಚಿತ್ರ ಮುಗಿದ ಮೇಲೂ ನೆನಪಿನಲ್ಲಿ ಉಳಿಯುವುದು ಆ ಅಪ್ಪನ ಮುಖವೇ. ಡೇ-ಲೂಯಿಸ್ ಕೂಡ ಅದೇ ಬ್ರಿಸ್ಟಲ್ ಶಾಲೆಯಲ್ಲಿ ಕಲಿತವರು.

ಇಷ್ಟೆಲ್ಲ ಹೇಳಿದ್ದು ಯಾಕೆಂದರೆ, ಹೀಗೆ ಕೇಳಿಸಿಕೊಳ್ಳುವುದು ಹುಟ್ಟಿನಿಂದ ಬರುವ ವಿದ್ಯೆ ಅಲ್ಲ. ಲಿವರ್‌ಪೂಲ್‌ನ ಪಬ್‌ಗಳಲ್ಲಿ, ಸ್ಟ್ರಾಟ್‌ಫರ್ಡ್‌ನಲ್ಲಿ ಶೇಕ್ಸ್‌ಪಿಯರ್ ಕಂಪನಿಯ ರಂಗದ ಮೇಲೆ, ದಿನಾ ಸಂಜೆ ಬೇರೆ ಬೇರೆ ಜನರ ಮುಂದೆ ಆಡಿ ಆಡಿ ಕೂಡಿಬಂದದ್ದು. ಬ್ರಿಟಿಷ್ ಪೋಷಕ ನಟರನ್ನು ನೋಡಿ ‘ಅವರ ರಕ್ತದಲ್ಲೇ ಇದೆ’ ಅನ್ನುವವರಿದ್ದಾರೆ. ರಕ್ತದಲ್ಲಿ ಏನೂ ಇರಲಿಲ್ಲ. ಊರೂರಿಗೆ ಒಂದು ಕಾಯಂ ನಾಟಕ ತಂಡ ಇತ್ತು, ಅದಕ್ಕೆ ಸರ್ಕಾರದ ಅನುದಾನ ಇತ್ತು. ಡ್ರಾಮಾ ಸ್ಕೂಲಿಗೆ ಹೋಗುವ ಬಡವರ ಮಕ್ಕಳಿಗೆ ಸ್ಥಳೀಯ ಕೌನ್ಸಿಲ್‌ಗಳು, ಎಲ್ಲರಿಗೂ ಅಲ್ಲದಿದ್ದರೂ ಅನೇಕರಿಗೆ, ತೀರಿಸಬೇಕಿಲ್ಲದ ಹಣ ಕೊಡುತ್ತಿದ್ದವು. ಇಕ್ವಿಟಿ ಎಂಬ ನಟರ ಸಂಘದ ಕಾರ್ಡ್ ಇಲ್ಲದೆ ದೊಡ್ಡ ಕೆಲಸ ಸಿಗುತ್ತಿರಲಿಲ್ಲ, ಆ ಕಾರ್ಡನ್ನು ಹೊಸಬರಿಗೆ ವರ್ಷಕ್ಕಿಷ್ಟು ಅಂತ ಕೊಡುವ ಅವಕಾಶ ಈ ಊರ ತಂಡಗಳಿಗಿತ್ತು. ಹಾಗಾಗಿ ಲಂಡನ್ನಿನ ಶ್ರೀಮಂತರ ಮಗನೂ ವಾರಿಂಗ್ಟನ್ನಿನ ಕೂಲಿಯವರ ಮಗನೂ ಒಂದೇ ಬಾಗಿಲಲ್ಲಿ ಒಳಗೆ ಬರಬೇಕಿತ್ತು. ಆ ಏರ್ಪಾಡು ಈಗ ಬಹುಮಟ್ಟಿಗೆ ಕರಗಿದೆ. ಇದೇ ಎವರಿಮನ್, ಹಳೆಯ ಕಟ್ಟಡ ಕೆಡವಿ 2014ರಲ್ಲಿ ಹೊಸದಾಗಿ ತೆರೆದ ಮೇಲೆ, 2017ರಲ್ಲಿ ಮತ್ತೆ ಕಾಯಂ ತಂಡ ಕಟ್ಟಿತು. ಎರಡು ಸೀಸನ್ ನಡೆಸುವಷ್ಟರಲ್ಲಿ ಹಣ ಸಾಲದೆ ನಿಲ್ಲಿಸಬೇಕಾಯಿತು. ಆ ಸುದ್ದಿ ಓದಿದ ದಿನ ನನಗಾದ ಸಂಕಟ ಈಗಲೂ ಆರಿಲ್ಲ.

ಹಾಗಾಗಿ ಯಜಮಾನರ ‘ಲಕ್ಷಕ್ಕೊಬ್ಬ’ ಮಾತೂ, ಮಗಳ ‘ಅವರಿಗೆ ಆಯಿತಲ್ಲ’ ಮಾತೂ ಬದಿಗಿರಲಿ. ಮನೆಯಲ್ಲಿ ಕೇಳಬೇಕಾದ ಪ್ರಶ್ನೆ ಒಂದೇ: ಪಾಸಲ್‌ತ್ವೇಟ್‌ಗೆ ಎವರಿಮನ್ ಕೊಟ್ಟ ಆ ವರ್ಷಗಳು ಇವಳಿಗೆ ಎಲ್ಲಿಂದ ಸಿಗುತ್ತವೆ, ಅಷ್ಟು ಕಾಲ ಮನೆ ಬಾಡಿಗೆ ಯಾರು ಕಟ್ಟುತ್ತಾರೆ? ಪ್ರತಿಭೆಯ ಪ್ರಶ್ನೆ ಇದರ ಆಮೇಲೆ ಬರುತ್ತದೆ.

ಮುಖ ಮತ್ತು ಹೆಸರಿನ ಬಗ್ಗೆ ಕೇಳಿದ್ದೀರಿ. ಹೆಸರು ಬದಲಿಸು ಅಂತ ಪಾಸಲ್‌ತ್ವೇಟ್‌ಗೂ ಶುರುವಿನಲ್ಲಿ ಹೇಳಿದವರಿದ್ದರು. ಇಷ್ಟುದ್ದದ ಹೆಸರಿಗೆ ಥಿಯೇಟರ್ ಮುಂದೆ ದೀಪ ಹಾಕಿದರೆ ಕರೆಂಟ್ ಬಿಲ್ ಕಟ್ಟಲಾಗುವುದಿಲ್ಲ ಅನ್ನುವುದು ಅವರ ಕಾರಣವಂತೆ. ಪಾಸಲ್‌ತ್ವೇಟ್ ಬದಲಿಸಲಿಲ್ಲ. ನಿಮ್ಮ ಮಗಳೂ ಬದಲಿಸಬೇಕಿಲ್ಲ, ಕನ್ನಡದ ಹೆಸರು ಇಲ್ಲಿ ಈಗ ಯಾರಿಗೂ ತೊಡಕಲ್ಲ. ಮುಖದ ಮಾತಿಗೆ ಬಂದರೆ, ಎತ್ತರದ ಕೆನ್ನೆಮೂಳೆ, ಒರಟು ಚರ್ಮದ ಅವರ ಮುಖವೇ ಅವರ ಬಂಡವಾಳವಾಯಿತು. ‘ಯೂಶುವಲ್ ಸಸ್ಪೆಕ್ಟ್ಸ್’ನಲ್ಲಿ ಜಪಾನಿ ಹೆಸರಿನ ವಕೀಲ, ಉಚ್ಚಾರ ಯಾವ ದೇಶದ್ದೆಂದು ಹೇಳಲಾಗದು. ‘ರೋಮಿಯೊ + ಜೂಲಿಯೆಟ್’ನಲ್ಲಿ ಬೆನ್ನ ಮೇಲೆ ಶಿಲುಬೆಯ ಹಚ್ಚೆ ಹಾಕಿಸಿಕೊಂಡ ಪಾದ್ರಿ. ಟಿವಿಯ ‘ಶಾರ್ಪ್’ ಸರಣಿಯಲ್ಲಿ ತನ್ನ ಟೋಪಿಯೊಳಗೆ ತಾಯಿಯ ಚಿತ್ರ ಇಟ್ಟುಕೊಂಡು ಅದರ ಜೊತೆ ಮಾತಾಡುವ ಸಾರ್ಜೆಂಟ್ ಹೇಕ್ಸ್‌ವಿಲ್. (ಬರ್ನಾರ್ಡ್ ಕಾರ್ನ್‌ವೆಲ್ ಅವರ ಕಾದಂಬರಿಗಳಲ್ಲಿ ಈ ದುಷ್ಟ 1799ರ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲೂ ಇದ್ದಾನೆ.) ಮುಖ ಅಡ್ಡ ಬಂದಿದ್ದರೆ ಇವುಗಳಲ್ಲಿ ಒಂದೂ ಬರುತ್ತಿರಲಿಲ್ಲ.

ಆದರೆ ಬಣ್ಣದ ವಿಷಯ ಬೇರೆ, ಅದನ್ನು ಮುಚ್ಚಿಟ್ಟು ಹೇಳಲಾರೆ. ನಮ್ಮ ಬೆಂಗಳೂರು ಮತ್ತು ಸಾವನದುರ್ಗದಲ್ಲಿ ಡೇವಿಡ್ ಲೀನ್ ಚಿತ್ರೀಕರಿಸಿದ ‘ಎ ಪ್ಯಾಸೇಜ್ ಟು ಇಂಡಿಯಾ’ 1984ರಲ್ಲಿ ತೆರೆಗೆ ಬಂತು. ವಿಕ್ಟರ್ ಬ್ಯಾನರ್ಜಿ, ಸಯೀದ್ ಜಾಫ್ರಿ, ರೋಶನ್ ಸೇಠ್ ಅಂಥ ಒಳ್ಳೆಯ ನಟರು ಆ ಚಿತ್ರದಲ್ಲೇ ಇದ್ದರು. ಹಾಗಿದ್ದೂ ಪ್ರೊಫೆಸರ್ ಗೋಡಬೋಲೆ ಎಂಬ ಬ್ರಾಹ್ಮಣನ ಪಾತ್ರವನ್ನು ಅಲೆಕ್ ಗಿನ್ನೆಸ್‌ಗೆ ಕಂದು ಬಣ್ಣ ಬಳಿದು ಮಾಡಿಸಿದರು. ಗಿನ್ನೆಸ್ ದೊಡ್ಡ ನಟ, ಆದರೂ ಆ ಪಾತ್ರ ಈಗ ನೋಡಲು ಮುಜುಗರ. ಇವತ್ತು ಯಾರೂ ಹಾಗೆ ಮಾಡುವುದಿಲ್ಲ. ಈಗಿನ ತೊಂದರೆ ಬೇರೆ ರೀತಿಯದು. ಕಂದು ಮೈಬಣ್ಣದ ಹುಡುಗಿಗೆ ಮೊದಲ ಕೆಲವು ವರ್ಷ ಬರುವ ಕರೆಗಳಲ್ಲಿ ಡಾಕ್ಟರ್, ನರ್ಸ್, ಮನೆಯವರು ಒತ್ತಾಯದಿಂದ ಮದುವೆ ಮಾಡಿಸಿದ ಹೆಣ್ಣು, ಇಂಥವೇ ಹೆಚ್ಚು. ಬೇಡ ಅಂದರೆ ಬಾಡಿಗೆ ನಡೆಯುವುದಿಲ್ಲ, ಬೇಕು ಅಂತ ಎಲ್ಲವನ್ನೂ ಒಪ್ಪಿಕೊಂಡರೆ ಅಲ್ಲೇ ಸಿಕ್ಕಿಹಾಕಿಕೊಳ್ಳುತ್ತಾಳೆ. ಇದಕ್ಕೆ ನಾನು ಕಂಡ ದಾರಿ ರಂಗಭೂಮಿಯೇ. ಅಲ್ಲಿ ಮೂವತ್ತರ ಒಳಗೇ ಅಜ್ಜಿ, ರಾಣಿ, ಕಳ್ಳಿ ಎಲ್ಲ ಆಡಲು ಸಿಗುತ್ತದೆ. 1977ರಲ್ಲಿ ಶುರುವಾದ ತಾರಾ, 1989ರ ತಮಾಶಾ ಅಂಥ ದಕ್ಷಿಣ ಏಷ್ಯಾ ಮೂಲದವರು ಕಟ್ಟಿದ ಕಂಪನಿಗಳಿವೆ. ಅವುಗಳ ಕಾರ್ಯಾಗಾರಗಳಿಗೆ ಈಗಿನಿಂದಲೇ ಹೋಗಲಿ.

ಇನ್ನು ನಿಜವಾದ ಲೆಕ್ಕ. ನೀವು ಇಲ್ಲಿ ಕಾಯಂ ನೆಲೆಸಿದವರು ಎಂದುಕೊಂಡು ಬರೆಯುತ್ತೇನೆ.

‘ಫಾರ್ಮಸಿ ಮುಗಿಸಿ ಆಮೇಲೆ ಡ್ರಾಮಾ ಸ್ಕೂಲ್’ ಅನ್ನುವುದು ಕೇಳಲು ಭದ್ರವಾಗಿದೆ. ಅದರಲ್ಲಿ ಒಳ್ಳೆಯದೂ ಇದೆ. ನಟರು ಕೆಲಸವಿಲ್ಲದ ತಿಂಗಳುಗಳಲ್ಲಿ ಪಬ್‌ನಲ್ಲೋ ಕಾಲ್ ಸೆಂಟರಿನಲ್ಲೋ ದುಡಿಯುತ್ತಾರೆ. ಫಾರ್ಮಸಿಸ್ಟ್ ಆದವಳು ವಾರಾಂತ್ಯದಲ್ಲಿ ಲೋಕಮ್ ಶಿಫ್ಟ್, ಅಂದರೆ ಬೇರೆಯವರ ಬದಲಿಗೆ ಕೆಲಸ ಮಾಡಿ ಅದಕ್ಕಿಂತ ಎಷ್ಟೋ ಚೆನ್ನಾಗಿ ಸಂಪಾದಿಸಬಹುದು. ಇದು ಸಣ್ಣ ಅನುಕೂಲವಲ್ಲ. ಆದರೆ ಫಾರ್ಮಸಿ ನಾಲ್ಕು ವರ್ಷದ ಓದು, ಮೇಲೊಂದು ವರ್ಷ ತರಬೇತಿ. ಅದು ಮುಗಿಸಿದ ಮೇಲೆ ನಟನೆಯಲ್ಲಿ ಇನ್ನೊಂದು ಬಿ.ಎ. ಮಾಡುತ್ತೇನೆ ಅಂದರೆ, ಒಮ್ಮೆ ಪದವಿ ಪಡೆದವರಿಗೆ ಎರಡನೆಯ ಪದವಿಗೆ ಸರ್ಕಾರಿ ಶುಲ್ಕ ಸಾಲ ಸಾಮಾನ್ಯವಾಗಿ ಸಿಗುವುದಿಲ್ಲ. ಪಾಸಲ್‌ತ್ವೇಟ್ ಕಾಲದಲ್ಲಿ ಎರಡನೆಯ ಓದು ಕೂಲಿಯವರ ಮಗನ ಕೈಗೂ ಎಟುಕುತ್ತಿತ್ತು. ಈಗ ಆ ಬಾಗಿಲು ಬಹುತೇಕ ಮುಚ್ಚಿದ ಹಾಗೆ. ಉಳಿಯುವುದು ಒಂದು ವರ್ಷದ ಎಂ.ಎ. ಅದಕ್ಕೆ 2025-26ರಲ್ಲಿ ಸಿಗುತ್ತಿದ್ದ ಸಾಲ 12,000 ಪೌಂಡ್ ಚಿಲ್ಲರೆ, ಅನೇಕ ಕಡೆ ಶುಲ್ಕಕ್ಕೇ ಸಾಲುವುದಿಲ್ಲ. ಆ ಹೊತ್ತಿಗೆ ನಿಮ್ಮ ಕೈಯಲ್ಲಿ ಹಣ ಇರುತ್ತದೆ ಅಂತಾದರೆ ಈ ದಾರಿ ಸರಿ. ಇಲ್ಲವಾದರೆ ‘ಆಮೇಲೆ’ ಅನ್ನುವುದು ಬರೀ ಬಾಯಿಮಾತಾಗುತ್ತದೆ.

ಇದಕ್ಕಿಂತ ಅಪಾಯದ ಇನ್ನೊಂದು ದಾರಿ ಇದೆ: ನಿಮ್ಮ ಒತ್ತಾಯಕ್ಕೆ ಫಾರ್ಮಸಿ ಸೇರಿ, ಎರಡನೆಯ ವರ್ಷದಲ್ಲಿ ಬಿಟ್ಟು ಬರುವುದು. 2025-26ರ ನಿಯಮದಂತೆ ಸಾಲದ ಲೆಕ್ಕ ಹಾಕುವಾಗ ಕೋರ್ಸಿನ ಅವಧಿಗೆ ಒಂದು ವರ್ಷ ಸೇರಿಸಿ, ಈ ಮೊದಲು ಓದಿದ ವರ್ಷಗಳನ್ನು ಕಳೆಯುತ್ತಾರೆ. ಎರಡು ವರ್ಷ ಫಾರ್ಮಸಿ ಓದಿ ಬಿಟ್ಟರೆ, ಮೂರು ವರ್ಷದ ನಟನಾ ಕೋರ್ಸಿಗೆ ಎರಡೇ ವರ್ಷದ ಶುಲ್ಕ ಸಾಲ ಉಳಿಯುತ್ತದೆ. ಹಾಗೆ ಸಿಕ್ಕಿಬಿದ್ದ ಮಕ್ಕಳನ್ನು ನೋಡಿದ್ದೇನೆ. ಹೆತ್ತವರ ಮನಸ್ಸು ನೋಯಿಸಬಾರದು ಎಂದು ಸೇರಿದವರೇ ಅವರಲ್ಲಿ ಹೆಚ್ಚು.

ಹದಿನೆಂಟಕ್ಕೇ ಡ್ರಾಮಾ ಸ್ಕೂಲ್ ಅಂದರೆ, ಇಂಗ್ಲೆಂಡಿನಲ್ಲಿ ಪದವಿ ಕೊಡುವ ಕೋರ್ಸುಗಳಿಗೆ ಶುಲ್ಕ ಫಾರ್ಮಸಿಯಷ್ಟೇ. 2025-26ರಲ್ಲಿ ಅದು ಗರಿಷ್ಠ 9,535 ಪೌಂಡ್ ಇತ್ತು. ಸಾಲದ ನಿಯಮವೂ ಅದೇ: ವರ್ಷಕ್ಕೆ 25,000 ಪೌಂಡ್ ಮೀರಿದ ಗಳಿಕೆಯ ಮೇಲೆ ಶೇ 9 ಕಡಿತ, ನಲವತ್ತು ವರ್ಷದ ಮೇಲೆ ಉಳಿದದ್ದು ಮನ್ನಾ. ಅಂದರೆ ಕಡಿಮೆ ದುಡಿಯುವ ನಟಿಗೆ ಈ ಸಾಲ ಬ್ಯಾಂಕಿನ ಸಾಲದಂತೆ ಕುತ್ತಿಗೆಗೆ ಬರುವುದಿಲ್ಲ. ಅಪಾಯ ಇರುವುದು ಬೇರೆ ಕಡೆ. ಒಂದು, ಮೊದಲ ವರ್ಷವೇ ಸೀಟು ಸಿಗುವುದು ಅಪರೂಪ. ಎರಡನೆಯ, ಮೂರನೆಯ ಪ್ರಯತ್ನಕ್ಕೆ ಸಿಕ್ಕವರೇ ನನ್ನ ತರಗತಿಗಳಲ್ಲಿ ಬೇಕಾದಷ್ಟು ಮಂದಿ, ಅದರಲ್ಲಿ ಅವಮಾನ ಇಲ್ಲ. ಇನ್ನೊಂದು, ಶಾಲೆಗಳ ಹಣಕಾಸು ಈಗ ನಾಜೂಕು. 2022ರಲ್ಲಿ ಹೆಸರುವಾಸಿ ಡ್ರಾಮಾ ಸ್ಕೂಲೊಂದು ರಾತ್ರೋರಾತ್ರಿ ಬಾಗಿಲು ಹಾಕಿ, ವಿದ್ಯಾರ್ಥಿಗಳು ಬೇರೆ ಶಾಲೆಯ ಆಶ್ರಯ ಪಡೆಯಬೇಕಾಯಿತು. ಅದಕ್ಕೇ ಪದವಿಯನ್ನು ಯಾವ ಯೂನಿವರ್ಸಿಟಿ ಕೊಡುತ್ತದೆ, ಶಾಲೆ ಮುಚ್ಚಿದರೆ ಮುಂದೇನು ಎಂದು ಓಪನ್ ಡೇ ದಿನ ನೀವೇ ಕೇಳಿ. ಮಕ್ಕಳು ಕೇಳಲು ಸಂಕೋಚ ಪಡುತ್ತಾರೆ. ಮೂರು ವರ್ಷದಲ್ಲಿ ಪ್ರೇಕ್ಷಕರ ಮುಂದೆ ಎಷ್ಟು ಪ್ರದರ್ಶನ ಆಡಿಸುತ್ತೀರಿ ಅನ್ನುವುದನ್ನೂ ಕೇಳಿ. ಬ್ರೋಶರ್‌ನಲ್ಲಿ ಹಳೆಯ ವಿದ್ಯಾರ್ಥಿಗಳ ಫೋಟೊ ಎಷ್ಟಿವೆ ಅನ್ನುವುದಕ್ಕಿಂತ ಇದು ಮುಖ್ಯ.

ಕೋರ್ಸ್ ಮುಗಿದ ಮೇಲಿನ ಹೊಟ್ಟೆಪಾಡಿನ ಬಗ್ಗೆಯೂ ಹೇಳಿಬಿಡುತ್ತೇನೆ. ಮೊದಲ ಹತ್ತು ವರ್ಷ ನಟನೆಯೊಂದರಿಂದಲೇ ಬದುಕುವವರು ಕಡಿಮೆ. ಏಜೆಂಟ್ ಕೆಲಸ ಕೊಡಿಸಿದ ಮೇಲೆ ಸಂಭಾವನೆಯಲ್ಲಿ ನೂರಕ್ಕೆ ಹತ್ತರಿಂದ ಹದಿನೈದು ಕಮಿಷನ್ ಮುರಿದುಕೊಳ್ಳುವುದು ಪದ್ಧತಿ. ಸೇರುವಾಗಲೇ ಇಷ್ಟು ಕಟ್ಟಿ, ನಮ್ಮ ಫೋಟೊಗ್ರಾಫರ್ ಹತ್ತಿರವೇ ಫೋಟೊ ತೆಗೆಸಿ ಅನ್ನುವವರ ಹತ್ತಿರ ಹೋಗಬೇಡಿ. ಲಂಡನ್ನಿನಲ್ಲಿ ಬಾಡಿಗೆ ಕಟ್ಟಿಕೊಂಡು ಆಡಿಶನ್‌ಗೆ ಕಾಯುವುದು ಶ್ರೀಮಂತರ ಮಕ್ಕಳಿಗೆ ಮಾತ್ರ ಸಾಧ್ಯ ಎಂಬ ದೂರು ಇದೆ. ಅದರಲ್ಲಿ ಬಹಳ ಸತ್ಯ ಇದೆ. ನಿಮ್ಮ ಮಗಳಿಗೆ ಒಂದು ಅನುಕೂಲ ಅಂದರೆ, ರೆಡಿಂಗ್‌ನಿಂದ ಲಂಡನ್ನಿಗೆ ರೈಲಿನಲ್ಲಿ ಅರ್ಧ ಗಂಟೆ. ಮನೆಯಲ್ಲೇ ಉಳಿದು ಓಡಾಡಬಹುದು. ಅವಳಿಗೆ ನೀವು ಕೊಡಬಹುದಾದ ಅತಿ ದೊಡ್ಡ ಸಹಾಯ ಆ ಕೋಣೆ.

ಒಂದು ವಿಷಯದಲ್ಲಿ ಮಗಳ ಪರ ನಿಲ್ಲುತ್ತೇನೆ. ಅವಳು ಆರಿಸಿಕೊಂಡ ಆದರ್ಶ ಒಳ್ಳೆಯದು. ‘ಬ್ರಾಸ್ಡ್ ಆಫ್’ 1996ರದ್ದು. ಯಾರ್ಕ್‌ಷರ್‌ನ ಗ್ರೈಮ್‌ಥಾರ್ಪ್‌ನಲ್ಲಿ ಕಲ್ಲಿದ್ದಲ ಗಣಿ ಮುಚ್ಚಿದ್ದು 1993ರಲ್ಲಿ, ಆ ಊರಿನ ನೆರಳಲ್ಲಿ ಕಟ್ಟಿದ ಕತೆ. ಗಣಿಯ ಧೂಳು ಶ್ವಾಸಕೋಶ ತುಂಬಿ ಸಾಯುತ್ತಿರುವ ಬ್ಯಾಂಡ್ ಮಾಸ್ಟರ್ ಡ್ಯಾನಿಯಾಗಿ ಪಾಸಲ್‌ತ್ವೇಟ್. ಆಲ್ಬರ್ಟ್ ಹಾಲ್‌ನಲ್ಲಿ ಬ್ಯಾಂಡ್ ಗೆದ್ದಾಗ ಅವನು ಆಸ್ಪತ್ರೆಯಿಂದ ಎದ್ದು ಬಂದು, ಪ್ರಶಸ್ತಿ ಬೇಡ ಅನ್ನುತ್ತಾನೆ. ಸಂಗೀತವೇ ದೊಡ್ಡದು ಅಂದುಕೊಂಡಿದ್ದೆ, ಮನುಷ್ಯರ ಮುಂದೆ ಅದು ಏನೂ ಅಲ್ಲ ಅನ್ನುವ ಅರ್ಥದ ಮಾತು. ಭಾಷಣದ ಅಬ್ಬರವಿಲ್ಲ, ಉಸಿರು ಸಾಲದವನು ಒಂದೊಂದೇ ವಾಕ್ಯ ಎತ್ತಿಡುತ್ತಾನೆ. ಚುಂಬವಂಬ ಎಂಬ ತಂಡ ಮರುವರ್ಷ ತಮ್ಮ ಜನಪ್ರಿಯ ಹಾಡಿನ ಆಲ್ಬಮ್ ಆವೃತ್ತಿಯ ಶುರುವಿನಲ್ಲಿ ಆ ಮಾತನ್ನೇ ಬಳಸಿಕೊಂಡಿತು. ಇಂಥದ್ದನ್ನು ನೋಡಿ ಹದಿನೆಂಟರ ಹುಡುಗಿಯ ಮನಸ್ಸು ಕದಲಿತು ಅಂದರೆ ಅದು ಮೆರೆಯುವ ಆಸೆ ಅಲ್ಲ.

ಆಮೇಲಿನ ವರ್ಷಗಳಲ್ಲೂ ಅವರು ದಾರಿ ಬದಲಿಸಲಿಲ್ಲ. 1997ರ ‘ಲಾಸ್ಟ್ ವರ್ಲ್ಡ್’ ಚಿತ್ರದ ಹೊತ್ತಿಗೆ ಸ್ಪೀಲ್‌ಬರ್ಗ್ ಅವರನ್ನು ಬಹುಶಃ ಜಗತ್ತಿನ ಅತ್ಯುತ್ತಮ ನಟ ಅಂದರು. ತಾನು ಜಗತ್ತಿನ ಅತ್ಯುತ್ತಮ ನಟ ಅಂತ ಪೀಟ್ ಅಂದುಕೊಂಡಿದ್ದಾನೆ ಅಂತ ಸ್ಪೀಲ್‌ಬರ್ಗ್ ಹೇಳಿರಬೇಕು, ಎಂದು ಇವರು ನಕ್ಕು ಸುಮ್ಮನಾದರು. ಹಾಲಿವುಡ್ ಕರೆಯುತ್ತಿದ್ದಾಗಲೇ ‘ಸ್ಕಾರಮೂಶ್ ಜೋನ್ಸ್’ ಎಂಬ ಏಕವ್ಯಕ್ತಿ ನಾಟಕ ಹಿಡಿದು ಊರೂರು ಸುತ್ತಿದರು. ವಾಸ ಶ್ರಾಪ್‌ಷರ್‌ನ ಬಿಷಪ್ಸ್ ಕ್ಯಾಸಲ್ ಕಡೆಯ ಹಳ್ಳಿಗಾಡಿನಲ್ಲಿ. 2008ರಲ್ಲಿ, ಅರವತ್ತೆರಡರ ವಯಸ್ಸಿಗೆ, ಎವರಿಮನ್‌ಗೇ ಮರಳಿ ‘ಕಿಂಗ್ ಲಿಯರ್’ ಆಡಿದರು. ವಿಮರ್ಶೆಗಳು ಮಿಶ್ರವಾಗಿದ್ದವು, ಆದರೂ ನಾಟಕ ಲಂಡನ್ನಿಗೂ ಹೋಯಿತು. 2011ರ ಜನವರಿ 2ರಂದು ಕ್ಯಾನ್ಸರ್‌ನಿಂದ ತೀರಿಕೊಂಡಾಗ ‘ಇನ್ಸೆಪ್ಶನ್’, ‘ದ ಟೌನ್’ ಬಂದು ಕೆಲವೇ ತಿಂಗಳಾಗಿತ್ತು. ಎರಡನೆಯದಕ್ಕೆ ಬಾಫ್ಟಾ ಎಂಬ ಬ್ರಿಟಿಷ್ ಚಿತ್ರ ಪ್ರಶಸ್ತಿಯ ನಾಮನಿರ್ದೇಶನ ಬಂದದ್ದು ಸಾವಿನ ನಂತರ.

ನನ್ನ ಸಲಹೆ ಇದು. ಫಾರ್ಮಸಿ ಸೀಟನ್ನು ಬಿಡಬೇಡಿ, ಒಂದು ವರ್ಷ ಮುಂದೂಡಿ. ಡಿಫರ್ ಮಾಡಲು ಒಪ್ಪುತ್ತೀರಾ ಎಂದು ಮಗಳೇ ಆ ವಿಭಾಗಕ್ಕೆ ಇಮೇಲ್ ಬರೆಯಲಿ. ಎ-ಲೆವೆಲ್ ಫಲಿತಾಂಶದವರೆಗೆ ಕಾಯಬೇಡಿ, ಈಗಲೇ ಬರೆಯಲಿ. ಪರೀಕ್ಷೆ ಮಾತ್ರ ಚೆನ್ನಾಗಿ ಮುಗಿಸಬೇಕು, ಅದರಲ್ಲಿ ರಿಯಾಯಿತಿ ಬೇಡ. ಸಿಕ್ಕ ವರ್ಷದಲ್ಲಿ ವಾರಕ್ಕೆ ಮೂರ್ನಾಲ್ಕು ದಿನ ಏನಾದರೂ ಸಂಬಳದ ಕೆಲಸ, ಉಳಿದ ದಿನ ರಂಗಭೂಮಿ: ಊರಿನ ಯೂತ್ ಥಿಯೇಟರ್, ನ್ಯಾಷನಲ್ ಯೂತ್ ಥಿಯೇಟರ್‌ನ ಆಡಿಶನ್, ಆಗಲೇ ಹೇಳಿದ ಕಂಪನಿಗಳ ಕಾರ್ಯಾಗಾರ. ಡ್ರಾಮಾ ಸ್ಕೂಲುಗಳ ಆಡಿಶನ್‌ಗೆ ಲಂಡನ್ ಜೊತೆ ಮ್ಯಾಂಚೆಸ್ಟರ್, ಲಿವರ್‌ಪೂಲ್, ಕಾರ್ಡಿಫ್, ಗ್ಲಾಸ್ಗೋಗಳಿಗೂ ಅರ್ಜಿ ಹಾಕಲಿ. ಆಡಿಶನ್ ಶುಲ್ಕ ಇರುವ ಕಡೆ ವಿನಾಯಿತಿ ಇದೆಯೇ ಎಂದು ಕೇಳಿದರೆ ಅನೇಕರು ಕೊಡುತ್ತಾರೆ. ಸಣ್ಣ ಪಾತ್ರಕ್ಕೂ ವಾರಗಟ್ಟಲೆ ತಾಲೀಮಿಗೆ ತಪ್ಪದೆ ಹೋಗುತ್ತಾಳೆಯೇ, ಮಳೆಯಲ್ಲಿ ಕೊನೆಯ ರೈಲು ಹಿಡಿದು ಬಂದೂ ಮಾರನೆಯ ದಿನ ಮತ್ತೆ ಹೊರಡುತ್ತಾಳೆಯೇ ಎಂದು ನಿಮಗೆ ಕಾಣುತ್ತದೆ. ಅವಳಿಗೂ ಕಾಣುತ್ತದೆ. ವರ್ಷದ ಕೊನೆಗೆ ಡ್ರಾಮಾ ಸ್ಕೂಲ್ ಸೀಟು ಸಿಕ್ಕಿದರೆ, ಆಸೆಯೂ ಹಾಗೇ ಇದ್ದರೆ, ಕಳಿಸಿಕೊಡಿ. ಸಿಗದಿದ್ದರೆ ಫಾರ್ಮಸಿಗೆ ಹೋಗುತ್ತಲೇ ಯೂನಿವರ್ಸಿಟಿಯ ನಾಟಕ ತಂಡದಲ್ಲಿ ಆಡಬಹುದು. ಎಡಿನ್‌ಬರೊ ಫ್ರಿಂಜ್ ಎಂಬ ಕಲೋತ್ಸವಕ್ಕೆ ಪ್ರತಿ ಆಗಸ್ಟ್‌ನಲ್ಲಿ ಅಂಥ ವಿದ್ಯಾರ್ಥಿ ತಂಡಗಳು ಎಷ್ಟೋ ಹೋಗುತ್ತವೆ.

ಈ ದಾರಿಗೂ ಒಂದು ಅಪಾಯ ಇದೆ. ಕಟ್ಟುಪಾಡು ಇಲ್ಲದಿದ್ದರೆ ಆ ವರ್ಷ ಫೋನ್ ನೋಡುತ್ತ ಕಳೆದುಹೋಗುತ್ತದೆ. ಸೆಪ್ಟೆಂಬರ್‌ಗೆ ಮೊದಲೇ ಮೂವರೂ ಕೂತು ಯಾವ ತಿಂಗಳು ಏನು ಅಂತ ಬರೆದಿಟ್ಟುಕೊಳ್ಳಿ. ಫಾರ್ಮಸಿ ವಿಭಾಗ ಮುಂದೂಡಲು ಒಪ್ಪದೆ, ಈ ವರ್ಷವೇ ಸೇರಬೇಕು ಅಂದರೆ ಲೆಕ್ಕ ಬದಲಾಗುತ್ತದೆ. ಆಗ ಸೀಟು ಒಪ್ಪಿಕೊಳ್ಳುವ ಮೊದಲು ಅವರ ಉತ್ತರವನ್ನು ನನಗೆ ಕಳಿಸಿ.